ಕೋನ ಅಳೆಯುವುದು: ಮಂಡಿಯಿಂದ ಮಧುಗಿರಿ ಬೆಟ್ಟದವರೆಗೆ

ಮಕ್ಕಳ ಜಾಮಿಟ್ರಿ ಬಾಕ್ಸಿನ ಕೋನಮಾಪಕ, ಫಿಸಿಯೋಥೆರಪಿ ಕೋಣೆಯ ಗೋನಿಯೋಮೀಟರ್, ಸರ್ವೆಯವರ ಥಿಯೋಡೊಲೈಟ್, ಕಾಲೇಜು ಲ್ಯಾಬಿನ ಸ್ಪೆಕ್ಟ್ರೋಮೀಟರ್, ಎಲ್ಲವೂ ಮಾಡುವ ಕೆಲಸ ಒಂದೇ. ಎಷ್ಟು ತಪ್ಪನ್ನು ತಾಳಿಕೊಳ್ಳಬಹುದು ಎಂಬ ಲೆಕ್ಕ ಮಾತ್ರ ಬೇರೆ ಬೇರೆ. ಮಂಡಿ ಎಷ್ಟು ಮಡಚುತ್ತದೆ ಎಂದು ನೋಡುವಾಗ 5 ಡಿಗ್ರಿ ಆಚೀಚೆಯಾದರೆ ನಡೆಯುತ್ತದೆ. ಪ್ರಿಸಂ ಪ್ರಯೋಗದಲ್ಲಿ 1 ಡಿಗ್ರಿ ತಪ್ಪಿದರೆ ಉತ್ತರದ ಎರಡನೇ ದಶಮಾಂಶವೇ ಕೆಟ್ಟಿತು. ದೂರದ ಬೆಟ್ಟದ ಎತ್ತರ ತೆಗೆಯುವಾಗ ಅದೇ 1 ಡಿಗ್ರಿ ನೂರು ಮೀಟರಿಗೂ ಮಿಕ್ಕಿ ಸುಳ್ಳು ಹೇಳಿಸುತ್ತದೆ. ಹಾಗಾಗಿ ಉಪಕರಣ ಕೈಗೆತ್ತಿಕೊಳ್ಳುವ ಮೊದಲೇ ಈ ಕೆಲಸಕ್ಕೆ ಎಷ್ಟು ಡಿಗ್ರಿ ನಿಖರತೆ ಸಾಕು ಎಂದು ತೀರ್ಮಾನಿಸಿಕೊಳ್ಳಿ. ಸಾಧನ ಯಾವುದು ಎಂಬುದು ಆಮೇಲಿನ ಮಾತು.

ಇನ್ನೊಂದು ವಿಷಯ. ಕೋನ ತಪ್ಪಾಗುವುದು ಬಹುಮಟ್ಟಿಗೆ ಮೂರೇ ಕಡೆ. ಉಪಕರಣದ ನಡುಬಿಂದು ಕೋನದ ಶೃಂಗದ ಮೇಲೆ ಕೂತಿರುವುದಿಲ್ಲ. ಸೊನ್ನೆ ಸೊನ್ನೆಯಲ್ಲಿರುವುದಿಲ್ಲ. ಅಥವಾ ಓದುವವರು ಒಳಸಾಲಿನ ಬದಲು ಹೊರಸಾಲಿನ ಅಂಕಿ ಓದಿರುತ್ತಾರೆ. ಮೂರನೆಯದು ತೀರಾ ಸಾಮಾನ್ಯ: 60 ಇದ್ದದ್ದು 120 ಆಗುತ್ತದೆ, 70 ಇದ್ದದ್ದು 110 ಆಗುತ್ತದೆ. ಅಂಕಿ ನೋಡುವ ಮೊದಲು ಕಣ್ಣಂದಾಜಿನಲ್ಲಿ ಇದು ಲಂಬಕೋನಕ್ಕಿಂತ ಕಡಿಮೆಯೋ ಹೆಚ್ಚೋ ಎಂದು ನೋಡಿಕೊಂಡರೆ ಈ ತಪ್ಪು ಅಲ್ಲಿಗೇ ನಿಲ್ಲುತ್ತದೆ.

ಮಂಡಿಯ ಮಡಿಕೆ ಅಳೆಯುವ ಕ್ರಮ

ಕೀಲುಗಳಿಗೆ ಬಳಸುವ ಗೋನಿಯೋಮೀಟರ್ ಅಂದರೆ ಒಂದು ದುಂಡನೆಯ ಬಿಲ್ಲೆ, ಅದರಿಂದ ಹೊರಟ ಎರಡು ತೋಳು. ಒಂದು ತೋಳು ಬಿಲ್ಲೆಗೆ ಅಂಟಿಕೊಂಡದ್ದು, ಇನ್ನೊಂದು ತಿರುಗುವಂಥದ್ದು. ಮಂಡಿ, ಸೊಂಟ, ಭುಜಕ್ಕೆ ಸುಮಾರು 30 ಸೆಂ.ಮೀ. ತೋಳಿನ ಪಾರದರ್ಶಕ ಪ್ಲಾಸ್ಟಿಕ್ಕಿನದು ಬೇಕು. ಬೆರಳಿನ ಗೆಣ್ಣುಗಳಿಗೆ ಚಿಕ್ಕದು. ಚಿಕ್ಕದರಲ್ಲೇ ಎಲ್ಲ ಮುಗಿಸೋಣ ಎನ್ನುವವರು ಈ ಲೆಕ್ಕ ನೋಡಿ: 30 ಸೆಂ.ಮೀ. ತೋಳಿನ ತುದಿ ಗುರಿಯಿಂದ 1 ಸೆಂ.ಮೀ. ಸರಿದರೆ ತಪ್ಪು ಸುಮಾರು 2 ಡಿಗ್ರಿ, 10 ಸೆಂ.ಮೀ. ತೋಳಿನ ತುದಿ ಅಷ್ಟೇ ಸರಿದರೆ ಹತ್ತಿರಹತ್ತಿರ 6 ಡಿಗ್ರಿ.

ಗಟ್ಟಿ ಬೆಂಚಿನ ಮೇಲೆ ಅಂಗಾತ ಮಲಗಿಸಿ. ಹತ್ತಿಯ ಹಾಸಿಗೆ ಬೇಡ, ಸೊಂಟ ಕುಸಿದು ಲೆಕ್ಕ ಕೆಡುತ್ತದೆ. ಪಂಚೆ, ಸೀರೆ, ಪೈಜಾಮ ಯಾವುದೇ ಇರಲಿ, ತೊಡೆಯವರೆಗೆ ಸರಿಸಲು ಒಪ್ಪಿಗೆ ಕೇಳಿ. ಬಟ್ಟೆಯ ಮೇಲಿಂದ ಅಳೆದದ್ದು ಅಳತೆಯಲ್ಲ.

ಈಗ ಕಾಲಿನ ಹೊರಮಗ್ಗುಲಲ್ಲಿ ಮೂರು ಗುರುತು ಹುಡುಕಿ. ಸೊಂಟದ ಪಕ್ಕದಲ್ಲಿ ಕೈಗೆ ಗಟ್ಟಿಯಾಗಿ ಸಿಗುವ ತೊಡೆಮೂಳೆಯ ಉಬ್ಬು ಒಂದು. ವೈದ್ಯರು ಇದನ್ನು ಗ್ರೇಟರ್ ಟ್ರೋಕ್ಯಾಂಟರ್ ಎನ್ನುತ್ತಾರೆ. ಸಿಗದಿದ್ದರೆ ಅಂಗೈ ಅಲ್ಲಿಟ್ಟು ಕಾಲನ್ನು ಒಳಗೂ ಹೊರಗೂ ಹೊರಳಿಸಿ, ಉಬ್ಬು ಅಂಗೈ ಕೆಳಗೆ ಉರುಳುತ್ತದೆ. ಮಂಡಿಯ ಹೊರಪಕ್ಕದ ಮೂಳೆಗುಬ್ಬಿ ಎರಡನೆಯದು. ಪಾದದ ಮೇಲೆ ಹೊರಗೆ ಚಾಚಿರುವ ಹರಡಿನ ಗುಬ್ಬಿ ಮೂರನೆಯದು. ಮೂರಕ್ಕೂ ಪೆನ್ನಿನಲ್ಲಿ ಚುಕ್ಕೆ ಇಡಿ. ದಪ್ಪ ಮೈಯವರಲ್ಲಿ ಚುಕ್ಕೆಯಿಲ್ಲದೆ ಅಳೆದರೆ ಪ್ರತಿ ಸಲವೂ ಬೇರೆ ಬೇರೆ ಅಂಕಿ ಬರುತ್ತದೆ.

ಬಿಲ್ಲೆಯ ನಡು ಮಂಡಿಯ ಚುಕ್ಕೆಗೆ, ಅಂಟಿಕೊಂಡ ತೋಳು ಸೊಂಟದ ಚುಕ್ಕೆಯ ಕಡೆಗೆ, ತಿರುಗುವ ತೋಳು ಹರಡಿನ ಕಡೆಗೆ. ಮೊದಲು ಕಾಲನ್ನು ಪೂರ್ತಿ ಚಾಚಿಸಿ, ಹಿಮ್ಮಡಿಯ ಕೆಳಗೆ ಮಡಚಿದ ಟವೆಲ್ ಇಟ್ಟು ಓದಿ. ಟವೆಲ್ ಇಲ್ಲದಿದ್ದರೆ ಮೀನಖಂಡ ಬೆಂಚಿಗೆ ತಾಗಿ ಮಂಡಿ ಪೂರ್ತಿ ನೆಟ್ಟಗಾಗದೇ ಹೋಗಬಹುದು. ಇದು ಸೊನ್ನೆಯ ಓದು. ಕೆಲವು ಗೋನಿಯೋಮೀಟರುಗಳಲ್ಲಿ ಕಾಲು ನೆಟ್ಟಗಿದ್ದಾಗ 0 ಬದಲು 180 ತೋರಿಸುತ್ತದೆ. ಅಂಥದ್ದರಲ್ಲಿ 180ರಿಂದ ಕಳೆಯಬೇಕು.

ಆಮೇಲೆ ಮಡಚಿಸಿ. "ಅಜ್ಜಿ, ಹಿಮ್ಮಡಿ ಮೇಲೆತ್ತಬೇಡಿ, ಹಾಗೇ ಜಾರಿಸ್ಕೊಂಡು ಸೊಂಟದ ಕಡೆ ತನ್ನಿ" ಎಂದರೆ ಯಾರಿಗೂ ಅರ್ಥವಾಗುತ್ತದೆ. ಅವರೇ ಮಡಚಿದಷ್ಟನ್ನು ಮೊದಲು ಅಳೆಯಿರಿ. ನೀವು ಕೈಹಾಕಿ ಮೆಲ್ಲಗೆ ಒತ್ತಿದಾಗ ಎಷ್ಟು ಬರುತ್ತದೋ ಅದು ಬೇರೆ ಅಳತೆ, ಬೇರೆ ಕಾಲಂನಲ್ಲಿ ಬರೆಯಬೇಕು. ಆಪರೇಷನ್ ಆದ ಹೊಸತರಲ್ಲಿ ವೈದ್ಯರು ಹೇಳದೆ ಒತ್ತಲೇಬಾರದು. ಮಂಡಿ ಮಡಚುತ್ತಿದ್ದಂತೆ ಚರ್ಮ ಜಾರುತ್ತದೆ, ಬಿಲ್ಲೆಯ ನಡುವೂ ಚುಕ್ಕೆ ಬಿಟ್ಟು ಸರಿಯುತ್ತದೆ. ಆಗ ನಡುವಿನ ಚುಕ್ಕೆಯನ್ನೇ ಹಿಡಿದು ಕೂರಬೇಡಿ. ಎರಡು ತೋಳನ್ನೂ ಮೂಳೆಯ ಉದ್ದಕ್ಕೆ ಸರಿಯಾಗಿ ಹೊಂದಿಸಿ, ನಡು ತಾನಾಗಿಯೇ ಸರಿಯಾದ ಜಾಗಕ್ಕೆ ಬರುತ್ತದೆ. ಬಗ್ಗಿ, ಕಣ್ಣನ್ನು ಸ್ಕೇಲಿನ ಎದುರಿಗೆ ತಂದು ಓದಿ. ನಿಂತು ಮೇಲಿಂದ ಓದಿದರೆ ಒಂದೆರಡು ಡಿಗ್ರಿ ಹೋಯಿತು. ಮೂರು ಸಲ ಅಳೆದು ಸರಾಸರಿ ತೆಗೆಯಿರಿ.

ಆರೋಗ್ಯವಂತರ ಮಂಡಿ 0ಯಿಂದ 135 ಡಿಗ್ರಿಯಷ್ಟಾದರೂ ಮಡಚುತ್ತದೆ. ಮೊಣಕೈ ಸುಮಾರು 150, ಸೊಂಟ 120, ಭುಜ ಮುಂದಿನಿಂದ ಮೇಲಕ್ಕೆ 180. ಪಾದ ಮೇಲ್ಮುಖವಾಗಿ 20, ಕೆಳಮುಖವಾಗಿ 50. ವಯಸ್ಸಾದವರಲ್ಲಿ ಇವು ಕಡಿಮೆಯಾಗುತ್ತವೆ. ಆದ್ದರಿಂದ ಪುಸ್ತಕದ ಅಂಕಿಗಿಂತ ಅದೇ ವ್ಯಕ್ತಿಯ ಇನ್ನೊಂದು ಕಾಲಿನ ಅಳತೆಯೇ ಒಳ್ಳೆಯ ಹೋಲಿಕೆ. ದಿನನಿತ್ಯದ ಕೆಲಸಕ್ಕೆ ಹೇಳುವುದಾದರೆ, ಮೆಟ್ಟಿಲು ಹತ್ತಿಳಿಯಲು 90ರ ಆಸುಪಾಸು, ತಗ್ಗು ಕುರ್ಚಿಯಿಂದ ಏಳಲು 100ರ ಆಸುಪಾಸು ಬೇಕು. ಕುಕ್ಕರಗಾಲಲ್ಲಿ ಕೂರಲು 130 ದಾಟಬೇಕು. ಮಂಡಿ ಬದಲಿಸಿಕೊಂಡವರಿಗೆ ಹೊಲದ ಕೆಲಸ, ದೇಸಿ ಕಕ್ಕಸು ಎರಡೂ ಕಷ್ಟವಾಗುವುದು ಈ ಕಡೆಯ 20, 30 ಡಿಗ್ರಿಗಾಗಿಯೇ.

ಬರೆಯುವ ಕ್ರಮವೂ ಮುಖ್ಯ. ಪೂರ್ತಿ ಚಾಚಲಾಗದೆ 10 ಡಿಗ್ರಿ ಮಡಚಿಯೇ ಉಳಿದ ಮಂಡಿ 95ರವರೆಗೆ ಹೋದರೆ "10ರಿಂದ 95" ಎಂದು ಬರೆಯಿರಿ. "ಮೈನಸ್ 10" ಎಂದು ಬರೆಯಬೇಡಿ. ಒಬ್ಬರು ಅದನ್ನು ಚಾಚಲಾಗದ 10 ಎಂದು ಓದುತ್ತಾರೆ, ಮತ್ತೊಬ್ಬರು ಹಿಂದಕ್ಕೆ ಬಾಗಿದ 10 ಎಂದು. ಎರಡಕ್ಕೂ ಚಿಕಿತ್ಸೆ ತದ್ವಿರುದ್ಧ. ಯಾವ ಕಾಲು, ಯಾವ ದಿನ, ತಾನಾಗಿ ಮಡಚಿದ್ದೋ ಒತ್ತಿದ್ದೋ, ಅಳೆದವರು ಯಾರು ಎಂಬುದೂ ಇರಲಿ. ಹೋದ ವಾರ 92, ಈ ವಾರ 95 ಬಂದರೆ ಸುಧಾರಿಸಿದೆ ಎಂದು ಹಿಗ್ಗುವ ಹಾಗಿಲ್ಲ. 5 ಡಿಗ್ರಿಯೊಳಗಿನ ವ್ಯತ್ಯಾಸ ಅಳೆಯುವ ಕೈಯದೂ ಆಗಿರಬಹುದು.

ಉಳಿದ ಕೀಲುಗಳ ಕ್ರಮವೂ ಇದೇ. ಭುಜದಲ್ಲಿ ಮಾತ್ರ ಒಂದು ಮೋಸವಿದೆ. ತೋಳನ್ನು ಪಕ್ಕಕ್ಕೆ ಎತ್ತಲಾಗದವರು ಬೆನ್ನನ್ನೇ ಎದುರು ಮಗ್ಗುಲಿಗೆ ಬಾಗಿಸಿ ಕೈ ಎತ್ತಿದಂತೆ ತೋರಿಸುತ್ತಾರೆ, ಬೇಕೆಂದೇ ಅಲ್ಲ, ಮೈ ತಾನೇ ಹಾಗೆ ಮಾಡುತ್ತದೆ. ಮಲಗಿಸಿ ಅಳೆದರೆ ಅರ್ಧ ಸಮಸ್ಯೆ ತೀರಿತು.

ಫ್ಲೋರೈಡ್ ನೀರಿನ ಊರುಗಳಲ್ಲಿ

ಪಾವಗಡ, ಬಾಗೇಪಲ್ಲಿ, ಮುಳಬಾಗಿಲು ಕಡೆಯವರಿಗೆ ಕೀಲು ಬಿಗಿತ ಬರೀ ವಯಸ್ಸಿನ ಮಾತಲ್ಲ. ಕುಡಿಯುವ ನೀರಿನಲ್ಲಿ ಫ್ಲೋರೈಡ್ ಲೀಟರಿಗೆ 1.5 ಮಿಲಿಗ್ರಾಂ ಮೀರಬಾರದು ಎಂಬುದು ಮಿತಿ. ಈ ಭಾಗದ ಹಲವು ಆಳದ ಕೊಳವೆಬಾವಿಗಳಲ್ಲಿ ಅದಕ್ಕಿಂತ ಹೆಚ್ಚಿದೆ. ವರ್ಷಗಟ್ಟಲೆ ಕುಡಿದರೆ ಮೂಳೆ ಗಟ್ಟಿಯಾಗಿ, ಸ್ನಾಯುರಜ್ಜುಗಳಲ್ಲಿ ಸುಣ್ಣದಂಶ ಕೂಡಿ, ಕತ್ತು, ಬೆನ್ನು, ಮೊಣಕೈ ಬಿಗಿಯುತ್ತವೆ.

ಹಳ್ಳಿಯಲ್ಲಿ ತಪಾಸಣೆಗೆ ಮೂರು ಸುಲಭ ಪರೀಕ್ಷೆಗಳಿವೆ: ಮಂಡಿ ಮಡಚದೆ ಬಗ್ಗಿ ಕಾಲ್ಬೆರಳು ಮುಟ್ಟುವುದು, ಗದ್ದವನ್ನು ಎದೆಗೆ ತಾಗಿಸುವುದು, ಎರಡೂ ಕೈಗಳನ್ನು ತಲೆಯ ಹಿಂದೆ ಕಟ್ಟುವುದು. ಆಗುತ್ತದೆ, ಇಲ್ಲ ಎಂಬ ಉತ್ತರವಷ್ಟೇ ಇವುಗಳಿಂದ ಸಿಗುವುದು. ಗೋನಿಯೋಮೀಟರ್ ಅದಕ್ಕೆ ಅಂಕಿ ಕೊಡುತ್ತದೆ. ಮೊಣಕೈ ಅಳೆಯಲು ಬಿಲ್ಲೆಯ ನಡುವನ್ನು ಹೊರಪಕ್ಕದ ಗುಬ್ಬಿಗಿಟ್ಟು, ಒಂದು ತೋಳನ್ನು ಭುಜದ ತುದಿಮೂಳೆಯ ಕಡೆ, ಇನ್ನೊಂದನ್ನು ಹೆಬ್ಬೆರಳ ಪಕ್ಕದ ಮಣಿಕಟ್ಟಿನ ಗುಬ್ಬಿಯ ಕಡೆ ಹಿಡಿಯಿರಿ. ಪೂರ್ತಿ ಚಾಚಲು 15 ಅಥವಾ 20 ಡಿಗ್ರಿ ಬಾಕಿ ಉಳಿದರೆ ಬರೆದಿಟ್ಟುಕೊಂಡು ಆರು ತಿಂಗಳಿಗೆ ಮತ್ತೆ ನೋಡಿ. ಇಷ್ಟರಿಂದಲೇ ಫ್ಲೋರೋಸಿಸ್ ಎಂದು ಹೇಳಲಾಗದು. ಸಂಧಿವಾತದಲ್ಲೂ ಇದೇ ಬಿಗಿತ ಇರುತ್ತದೆ. ಮೂತ್ರದ ಪರೀಕ್ಷೆ, ಮುಂಗೈಯ ಎಕ್ಸ್‌ರೇ, ಕುಡಿಯುವ ನೀರಿನ ಪರೀಕ್ಷೆ ಮೂರೂ ಬೇಕು.

ಫೋನಿನಲ್ಲಿ ಅಳೆಯಬಹುದೇ?

ಅಳೆಯಬಹುದು, ಅದರ ಸೊನ್ನೆಯನ್ನು ಪರೀಕ್ಷಿಸಿಕೊಂಡರೆ. ಗಾರೆ ಕೆಲಸದವರು ಹೊಸ ರಸಮಟ್ಟ ಕೊಂಡಾಗ ಒಂದು ಕಡೆ ಇಟ್ಟು ಗುಳ್ಳೆ ನೋಡಿ, ಅದೇ ಜಾಗದಲ್ಲಿ ತಿರುಗಿಸಿಟ್ಟು ಮತ್ತೆ ನೋಡುತ್ತಾರಲ್ಲ, ಅದೇ ಪರೀಕ್ಷೆ. ಫೋನನ್ನು ಮೇಜಿನ ಮೇಲೆ ಉದ್ದದ ಅಂಚಿನ ಮೇಲೆ ನಿಲ್ಲಿಸಿ ಓದಿ, 180 ಡಿಗ್ರಿ ತಿರುಗಿಸಿ ಅಲ್ಲೇ ಇಟ್ಟು ಓದಿ. ಒಂದು ಕಡೆ 1.6, ಇನ್ನೊಂದು ಕಡೆ ಮೈನಸ್ 0.4 ಬಂದರೆ ಎರಡನ್ನೂ ಕೂಡಿ ಅರ್ಧ ಮಾಡಿ: 0.6 ಫೋನಿನ ತಪ್ಪು. ಉಳಿದ 1.0 ಮೇಜಿನ ನಿಜವಾದ ಇಳಿಜಾರು. ಕವರ್ ತೆಗೆಯಿರಿ. ಅಂಚಿನ ಗುಂಡಿಗಳೂ ಉಬ್ಬಿದ ಕ್ಯಾಮೆರಾವೂ ಸಾಕಷ್ಟು ತಪ್ಪು ಹುಟ್ಟಿಸುತ್ತವೆ.

ಫೋನು ಕೋನ ಹೇಳುವುದು ಭೂಮಿಯ ಸೆಳೆತವನ್ನು ಆಧಾರವಾಗಿಟ್ಟುಕೊಂಡು. ಹಾಗಾಗಿ ಮಲಗಿದವರ ಮೊಣಕಾಲ ಮೂಳೆಯ ಮೇಲಿಟ್ಟರೆ ಸರಿ. ಕೂತವರು ಕತ್ತನ್ನು ಎಡಕ್ಕೆ ಬಲಕ್ಕೆ ತಿರುಗಿಸಿದ್ದನ್ನು ಅಳೆಯಲು ಅದು ಬರುವುದಿಲ್ಲ. ಅದಕ್ಕೆ ಫೋನಿನ ದಿಕ್ಸೂಚಿ ಬೇಕು, ಪಕ್ಕದಲ್ಲಿ ಕಬ್ಬಿಣದ ಮಂಚ ಇದ್ದರೆ ದಿಕ್ಸೂಚಿಯೂ ಹಾದಿ ತಪ್ಪುತ್ತದೆ.

ಶಾಲಾ ಮಕ್ಕಳ ಬೆನ್ನುಮೂಳೆಯ ಓರೆ ನೋಡಲು ಇದೇ ತತ್ವದ ಸ್ಕೋಲಿಯೋಮೀಟರ್ ಇದೆ. ಮಗು ಕಾಲು ಜೋಡಿಸಿ, ಅಂಗೈ ಜೋಡಿಸಿ ಮುಂದಕ್ಕೆ ಬಗ್ಗಬೇಕು. ಬೆನ್ನಿನ ಒಂದು ಪಕ್ಕ ಎದ್ದು ಕಾಣುವ ಕಡೆ ಉಪಕರಣವನ್ನು ಅಡ್ಡಲಾಗಿ, ಒತ್ತದೆ ಇಡಬೇಕು. 7 ಡಿಗ್ರಿ ಅಥವಾ ಮೇಲಿದ್ದರೆ ಮೂಳೆತಜ್ಞರ ಹತ್ತಿರ ಕಳಿಸುವುದು ರೂಢಿ. ಎಕ್ಸ್‌ರೇಯಲ್ಲಿ ತೆಗೆಯುವ ಕಾಬ್ ಕೋನ ಬೇರೆಯೇ. ಅತಿ ಹೆಚ್ಚು ವಾಲಿದ ಮೇಲಿನ ಕಶೇರುಕದ (ಬೆನ್ನುಮೂಳೆಯ ಒಂದು ತುಣುಕು) ಮೇಲಂಚಿಗೆ ಒಂದು ಗೆರೆ, ಕೆಳಗಿನದರ ಕೆಳಂಚಿಗೆ ಒಂದು ಗೆರೆ, ಅವೆರಡರ ನಡುವಿನ ಕೋನ ಅದು. 10 ಡಿಗ್ರಿ ಮುಟ್ಟಿದರೆ ಸ್ಕೋಲಿಯೋಸಿಸ್, ಅಂದರೆ ಬೆನ್ನುಮೂಳೆಯ ಓರೆ, ಎನ್ನುತ್ತಾರೆ. ಒಂದೇ ಎಕ್ಸ್‌ರೇಯನ್ನು ಇಬ್ಬರು ಅಳೆದರೆ 5 ಡಿಗ್ರಿವರೆಗೆ ವ್ಯತ್ಯಾಸ ಸಹಜ. ಆದ್ದರಿಂದ 22 ಇದ್ದದ್ದು 25 ಆಗಿದೆ ಎಂದು ಗಾಬರಿಯಾಗಬೇಡಿ, ಎರಡು ಸಲವೂ ಅವೇ ಕಶೇರುಕಗಳನ್ನು ಹಿಡಿದಿದ್ದಾರೆಯೇ ಎಂದು ಕೇಳಿ.

ಚಾವಣಿಯ ಸೋಲಾರ್ ಫಲಕಕ್ಕೂ ಫೋನೇ ಸಾಕು. ಕದಲದ ಫಲಕವನ್ನು ದಕ್ಷಿಣಕ್ಕೆ ಮುಖ ಮಾಡಿ ಹೆಚ್ಚುಕಡಿಮೆ ಊರಿನ ಅಕ್ಷಾಂಶದಷ್ಟು ವಾಲಿಸುತ್ತಾರೆ. ಕೋಲಾರ, ತುಮಕೂರು, ಚಿಕ್ಕಬಳ್ಳಾಪುರ ಮೂರೂ 13 ಡಿಗ್ರಿ ಚಿಲ್ಲರೆ, ಪಾವಗಡ 14. ಕೋನವನ್ನು ಮಟ್ಟದಿಂದ ಅಳೆಯಬೇಕು, ಚಾವಣಿಯಿಂದಲ್ಲ. ನೀರು ಹರಿಯಲು ಚಾವಣಿಗೇ ಇಳಿಜಾರು ಕೊಟ್ಟಿರುತ್ತಾರೆ. ಇಷ್ಟಾಗಿ, 3 ಡಿಗ್ರಿ ತಪ್ಪಿದರೂ ವರ್ಷದ ವಿದ್ಯುತ್ತಿನಲ್ಲಿ ಶೇ. 1ರಷ್ಟೂ ಕಡಿಮೆಯಾಗುವುದಿಲ್ಲ. ದೂಳು ಒರೆಸದಿದ್ದರೆ ಹೋಗುವುದು ಅದಕ್ಕಿಂತ ಹೆಚ್ಚು.

ಕನ್ನಡಕದ ಆಕ್ಸಿಸ್

ಕನ್ನಡಕದ ಚೀಟಿಯಲ್ಲಿ ಸಿಲಿಂಡರ್ (ಒಂದು ದಿಕ್ಕಿನ ಮಸುಕನ್ನು ಸರಿಪಡಿಸುವ ಪವರ್) ಪಕ್ಕ ಆಕ್ಸಿಸ್ ಎಂದು 0ಯಿಂದ 180ರೊಳಗಿನ ಅಂಕಿ ಇರುತ್ತದಲ್ಲ, ಅದೂ ಕೋನವೇ. ಇಲ್ಲಿ ಉದಾಸೀನ ಸಲ್ಲದು. ಲೆನ್ಸು 10 ಡಿಗ್ರಿ ಹೊರಳಿದರೆ ಸಿಲಿಂಡರ್ ದೋಷದ ಸುಮಾರು ಮೂರನೇ ಒಂದು ಭಾಗ ಹಾಗೇ ಉಳಿಯುತ್ತದೆ. 30 ಡಿಗ್ರಿ ಹೊರಳಿದರೆ ಸಿಲಿಂಡರ್ ಹಾಕಿದ್ದೂ ಒಂದೇ, ಬಿಟ್ಟಿದ್ದೂ ಒಂದೇ. ಸಿಲಿಂಡರ್ 0.50 ಇರುವವರಿಗೆ 5 ಡಿಗ್ರಿ ತಿಳಿಯುವುದೂ ಇಲ್ಲ, 2.00 ದಾಟಿದವರಿಗೆ ತಲೆನೋವು ಬರುತ್ತದೆ. ಹೊಸ ಕನ್ನಡಕ ಮಸುಕೆನಿಸಿದರೆ ಮೊದಲು ಕನ್ನಡಿ ಮುಂದೆ ನಿಂತು ಫ್ರೇಮು ಓರೆ ಕೂತಿದೆಯೇ ನೋಡಿ. ಒಂದು ಕಡ್ಡಿ ಬಾಗಿದ್ದರೂ ಎರಡು ಲೆನ್ಸಿನ ಆಕ್ಸಿಸ್ಸೂ ಒಟ್ಟಿಗೆ ಹೊರಳಿರುತ್ತದೆ. ದುಂಡನೆ ಫ್ರೇಮಿನಲ್ಲಿ ಲೆನ್ಸು ಚೌಕಟ್ಟಿನೊಳಗೇ ತಿರುಗಿರುವುದೂ ಉಂಟು.

ಮರ ಸುಲಭ, ಬೆಟ್ಟ ಕಷ್ಟ

ತಿಪಟೂರಿನ ತೆಂಗಿನ ಮರದ ಎತ್ತರ ತೆಗೆಯಲು ಶಾಲೆಯ ಕೋನಮಾಪಕವೇ ಸಾಕು. ಅದರ ನೇರ ಅಂಚಿಗೆ ಒಂದು ಸ್ಟ್ರಾ ಅಂಟಿಸಿ, ನಡುಬಿಂದುವಿನಿಂದ ದಾರ ಇಳಿಬಿಟ್ಟು ತುದಿಗೆ ದಪ್ಪ ನಟ್ಟು ಕಟ್ಟಿ. ಹಗುರ ತೂಕ ಕಟ್ಟಿದರೆ ಗಾಳಿಗೆ ಓಲಾಡುತ್ತಲೇ ಇರುತ್ತದೆ. ಸ್ಟ್ರಾ ಮಟ್ಟವಾಗಿದ್ದಾಗ ದಾರ 90ರ ಮೇಲೆ ನಿಲ್ಲಬೇಕು. ಮರದ ತುದಿಯನ್ನು ಸ್ಟ್ರಾದಲ್ಲಿ ನೋಡುತ್ತಾ, ದಾರ ನಿಂತ ಮೇಲೆ ಬೆರಳಿನಿಂದ ಅದುಮಿ ಹಿಡಿದು ಓದಿ. ದಾರ 55ರಲ್ಲಿದ್ದರೆ ಏರುಕೋನ 35. ಬುಡದಿಂದ 20 ಮೀಟರ್ ದೂರದಲ್ಲಿದ್ದರೆ 20ನ್ನು ಟ್ಯಾನ್ 35ರಿಂದ, ಅಂದರೆ 0.70ರಿಂದ ಗುಣಿಸಿ: 14 ಮೀಟರ್. ನಿಮ್ಮ ಕಣ್ಣಿನ ಎತ್ತರ 1.5 ಸೇರಿಸಿ: 15.5. ಮಕ್ಕಳು ಮರೆಯುವುದು ಈ 1.5ನ್ನೇ.

ಈಗ ಮಧುಗಿರಿಯ ಏಕಶಿಲಾ ಬೆಟ್ಟ. ನೆತ್ತಿಯ ನೇರ ಕೆಳಗಿನ ಬಿಂದುವಿಗೆ ಟೇಪ್ ಹಿಡಿಯಲಾಗದು. ಆದ್ದರಿಂದ ಒಂದೇ ಗೆರೆಯಲ್ಲಿ ಎರಡು ಕಡೆ ನಿಂತು ಕೋನ ತೆಗೆಯಬೇಕು. ಎರಡು ಜಾಗಗಳ ಅಂತರವನ್ನು ಎರಡು ಕೋನಗಳ ಕೋಟ್ಯಾಂಜೆಂಟುಗಳ ವ್ಯತ್ಯಾಸದಿಂದ ಭಾಗಿಸಿದರೆ ಎತ್ತರ. ಲೆಕ್ಕಕ್ಕೆ ಮಾತ್ರ ಅಂಕಿ ಇಟ್ಟುಕೊಳ್ಳೋಣ. ದೂರದ ಜಾಗದಲ್ಲಿ 30 ಡಿಗ್ರಿ, 100 ಮೀಟರ್ ಹತ್ತಿರ ಬಂದಾಗ 34 ಡಿಗ್ರಿ ಎಂದರೆ ಎತ್ತರ ಸುಮಾರು 401 ಮೀಟರ್. ಎರಡನೆಯ ಕೋನವನ್ನು 34ರ ಬದಲು 33 ಎಂದು ಓದಿದಿರೋ, ಉತ್ತರ 520 ಮೀಟರ್! ಒಂದೇ ಡಿಗ್ರಿಗೆ ಬೆಟ್ಟ 119 ಮೀಟರ್ ಬೆಳೆದುಬಿಟ್ಟಿತು. ಸೂತ್ರದ ತಪ್ಪಲ್ಲ, ಎರಡು ಕೋನಗಳು ಒಂದಕ್ಕೊಂದು ತೀರಾ ಹತ್ತಿರ ಇರುವುದರ ಫಲ. ನಿಲ್ಲುವ ಜಾಗಗಳ ಅಂತರ ಹೆಚ್ಚಿಸಿದಷ್ಟೂ ತಪ್ಪು ತಗ್ಗುತ್ತದೆ. ಎರಡೂ ಜಾಗ ಒಂದೇ ಮಟ್ಟದಲ್ಲಿರಬೇಕು ಎಂಬುದನ್ನೂ ಮರೆಯಬೇಡಿ.

ಸರ್ವೆಯವರು ಕೋನವನ್ನು 20 ಸೆಕೆಂಡಿನವರೆಗೆ ಓದುವ ಥಿಯೋಡೊಲೈಟ್, ಈಗ ಕೋನದ ಜೊತೆ ದೂರವನ್ನೂ ಅಳೆಯುವ ಟೋಟಲ್ ಸ್ಟೇಷನ್ ಬಳಸುವುದು ಇದಕ್ಕೇ. ಒಂದು ಡಿಗ್ರಿಗೆ 60 ನಿಮಿಷ, ಒಂದು ನಿಮಿಷಕ್ಕೆ 60 ಸೆಕೆಂಡ್. 1 ಕಿ.ಮೀ. ದೂರದಲ್ಲಿ 1 ನಿಮಿಷವೆಂದರೆ 29 ಸೆಂ.ಮೀ., 1 ಸೆಕೆಂಡ್ ಎಂದರೆ 5 ಮಿ.ಮೀ. ಕೂಡ ಇಲ್ಲ. ಟ್ರೈಪಾಡ್ ಊರಿ, ತೂಗುಗುಂಡು ಗುರುತಿನ ಮೇಲೆ ತಂದು, ಎರಡು ಪಾದತಿರುಪುಗಳನ್ನು ಹೆಬ್ಬೆರಳುಗಳು ಎದುರುಬದುರು ಚಲಿಸುವಂತೆ ತಿರುಗಿಸಿ, ಬಳಿಕ ಮೂರನೆಯದರಿಂದ ಗುಳ್ಳೆ ನಡುವಿಗೆ ತನ್ನಿ. ಪ್ರತಿ ಕೋನವನ್ನೂ ದೂರದರ್ಶಕ ಒಂದು ಮುಖವಾಗಿ, ಆಮೇಲೆ ತಲೆಕೆಳಗು ಮಾಡಿ ಇನ್ನೊಂದು ಮುಖವಾಗಿ ಅಳೆದು ಸರಾಸರಿ ತೆಗೆದರೆ ಉಪಕರಣದ ಸ್ವಂತ ದೋಷ ಬಹುಪಾಲು ಕಳೆದುಹೋಗುತ್ತದೆ.

ಲ್ಯಾಬು ಮತ್ತು ವರ್ಕ್‌ಶಾಪು

ಸ್ಪೆಕ್ಟ್ರೋಮೀಟರಿನಲ್ಲಿ ಮುಖ್ಯ ಸ್ಕೇಲಿನ ಒಂದು ಮನೆ ಅರ್ಧ ಡಿಗ್ರಿ, ಅದಕ್ಕೆ ತಾಗಿ ಸರಿಯುವ ಚಿಕ್ಕ ಸ್ಕೇಲಾದ ವರ್ನಿಯರಿನಲ್ಲಿ 30 ಮನೆ ಇದ್ದರೆ ಲೀಸ್ಟ್ ಕೌಂಟ್, ಅಂದರೆ ಓದಬಹುದಾದ ಅತಿ ಚಿಕ್ಕ ಅಳತೆ, 1 ನಿಮಿಷ. ವರ್ನಿಯರ್ ಸೊನ್ನೆ 124.5 ದಾಟಿ, ಅದರ 17ನೇ ಗೆರೆ ಮುಖ್ಯ ಸ್ಕೇಲಿನ ಗೆರೆಗೆ ಕೂಡಿದ್ದರೆ ಓದು 124 ಡಿಗ್ರಿ 47 ನಿಮಿಷ. 124 ಡಿಗ್ರಿ 17 ನಿಮಿಷ ಎಂದು ಬರೆಯುವವರು ಅರ್ಧ ಡಿಗ್ರಿಯ 30 ನಿಮಿಷವನ್ನು ಮರೆತಿರುತ್ತಾರೆ. ಎದುರುಬದುರಾಗಿ ಎರಡು ವರ್ನಿಯರ್ ಇಟ್ಟಿರುವುದು ಅಂದಕ್ಕಲ್ಲ. ಸ್ಕೇಲಿನ ನಡುವೂ ತಿರುಗುವ ಅಚ್ಚಿನ ನಡುವೂ ಕೂದಲೆಳೆ ವ್ಯತ್ಯಾಸವಿದ್ದರೂ ಎರಡರ ಸರಾಸರಿಯಲ್ಲಿ ಅದು ಅಳಿಯುತ್ತದೆ. 350 ಡಿಗ್ರಿ 10 ನಿಮಿಷದಿಂದ ಹೊರಟು 360 ದಾಟಿ 27 ಡಿಗ್ರಿ 21 ನಿಮಿಷಕ್ಕೆ ನಿಂತರೆ, ಎರಡನೆಯದಕ್ಕೆ 360 ಸೇರಿಸಿ ಕಳೆಯಿರಿ: 37 ಡಿಗ್ರಿ 11 ನಿಮಿಷ. 60 ಡಿಗ್ರಿಯ ಪ್ರಿಸಂನಲ್ಲಿ ಕನಿಷ್ಠ ವಿಚಲನೆ (ಬೆಳಕು ಬಾಗುವ ಅತಿ ಕಡಿಮೆ ಕೋನ) ಇಷ್ಟಾದರೆ ಗಾಜಿನ ವಕ್ರೀಭವನ ಸೂಚ್ಯಂಕ 1.50. ವಿಚಲನೆಯಲ್ಲಿ 1 ಡಿಗ್ರಿ ತಪ್ಪಿದರೆ 1.51. ಕನಿಷ್ಠ ವಿಚಲನೆಯ ಜಾಗ ಹುಡುಕುವಾಗ ಪ್ರಿಸಂ ಮೇಜನ್ನು ಒಂದೇ ದಿಕ್ಕಿಗೆ ತಿರುಗಿಸುತ್ತಾ ಹೋಗಿ, ದೂರದರ್ಶಕದಲ್ಲಿ ಕಾಣುವ ಬೆಳಕಿನ ಗೆರೆ ನಿಂತು ಹಿಂದಕ್ಕೆ ಹೊರಳುವ ಕ್ಷಣ ಹಿಡಿಯಬೇಕು.

ತುಮಕೂರಿನ ವಸಂತನರಸಾಪುರ, ಕೋಲಾರದ ನರಸಾಪುರದಂಥ ಕೈಗಾರಿಕಾ ಪ್ರದೇಶಗಳಿಗೆ ಹೋಗುವ ಐಟಿಐ ಹುಡುಗರಿಗೆ ಬೆವೆಲ್ ಪ್ರೊಟ್ರಾಕ್ಟರ್ (ತಿರುಗುವ ಪಟ್ಟಿಯಿರುವ ವರ್ಕ್‌ಶಾಪಿನ ಕೋನಮಾಪಕ) 5 ನಿಮಿಷದವರೆಗೆ ಸಾಕಾಗುತ್ತದೆ. ಅದಕ್ಕೂ ಸೂಕ್ಷ್ಮವಾದದ್ದಕ್ಕೆ ಸೈನ್ ಬಾರ್, ಅಂದರೆ ಎರಡು ತುದಿಗೂ ಉರುಳೆಯಿರುವ ಉಕ್ಕಿನ ಪಟ್ಟಿ. 200 ಮಿ.ಮೀ. ಬಾರಿನ ಒಂದು ಉರುಳೆಯ ಕೆಳಗೆ 100 ಮಿ.ಮೀ. ಸ್ಲಿಪ್ ಗೇಜ್ (ನಿಖರ ದಪ್ಪದ ಉಕ್ಕಿನ ತುಂಡುಗಳು) ಇಟ್ಟರೆ ಸರಿಯಾಗಿ 30 ಡಿಗ್ರಿ. 45 ಡಿಗ್ರಿ ಮೇಲೆ ಇದನ್ನು ಬಳಸಬಾರದು. 30 ಡಿಗ್ರಿಯಲ್ಲಿ ಗೇಜು 0.01 ಮಿ.ಮೀ. ತಪ್ಪಿದರೆ ಕೋನ 12 ಸೆಕೆಂಡ್ ತಪ್ಪುತ್ತದೆ, 75 ಡಿಗ್ರಿಯಲ್ಲಿ ಅದೇ ತಪ್ಪು 40 ಸೆಕೆಂಡ್. ಗೇಜುಗಳ ನಡುವೆ ದೂಳು ಕೂತರೂ ಸಾಕು 0.01 ಆಗಲು, ಜೋಡಿಸುವ ಮುಂಚೆ ಒರೆಸಿ.

ಕೊಳ್ಳುವಾಗ, ಇಟ್ಟುಕೊಳ್ಳುವಾಗ

ಗೋನಿಯೋಮೀಟರ್ ಕೊಳ್ಳುವಾಗ ಎರಡು ತೋಳನ್ನು ಒಂದರ ಮೇಲೊಂದು ತಂದು 0 ಬರುತ್ತದೆಯೇ, ಬಡಗಿಗಳ ಮೂಲೆಮಟ್ಟಕ್ಕೆ ಹೊಂದಿಸಿದಾಗ 90 ಬರುತ್ತದೆಯೇ, ನೆಟ್ಟಗೆ ಬಿಚ್ಚಿದಾಗ 180 ಬರುತ್ತದೆಯೇ ಎಂದು ಅಂಗಡಿಯಲ್ಲೇ ನೋಡಿ. ನೆಟ್ಟಗಿದ್ದಾಗ 0 ತೋರಿಸುವ ಸ್ಕೇಲಾದರೆ 0 ಮತ್ತು 180 ಅದಲುಬದಲಾಗಿ ಬರುತ್ತವೆ. ತೋಳು ತಾನಾಗಿ ಜಾರುವಷ್ಟು ಸಡಿಲ ಇರಬಾರದು, ಕೀಲಿನಿಂದ ತೆಗೆದು ಬೆಳಕಿಗೆ ಹಿಡಿದು ಓದುವಷ್ಟು ಹೊತ್ತು ನಿಲ್ಲಬೇಕು. ನಡುವಿನ ರಿವೆಟ್ ಸಡಿಲವಾದರೆ ಬಡಿದು ಬಿಗಿ ಮಾಡಲು ಹೋಗಬೇಡಿ, ಪ್ಲಾಸ್ಟಿಕ್ ಸೀಳುತ್ತದೆ. ಪ್ರತಿ ರೋಗಿಯ ನಂತರ ಸ್ಪಿರಿಟ್ ಹತ್ತಿಯಲ್ಲಿ ಒರೆಸಬೇಕು, ಆದರೆ ಅಂಕಿ ಮೇಲ್ಮೈಯಲ್ಲಿ ಅಚ್ಚಾಗಿದ್ದರೆ ಸ್ಪಿರಿಟ್ ಅದನ್ನೂ ಒರೆಸಿಬಿಡುತ್ತದೆ. ಕೊರೆದ ಅಂಕಿ ಇರುವುದನ್ನೇ ಕೇಳಿ ತನ್ನಿ. ಬಿಸಿಲಿಗೆ ನಿಲ್ಲಿಸಿದ ಬೈಕಿನ ಡಿಕ್ಕಿಯಲ್ಲಿ ಬಿಟ್ಟರೆ ತೋಳು ಬಾಗುತ್ತದೆ. ಬಾಗಿದ್ದನ್ನು ಬಿಸಿನೀರಿಗೆ ಹಾಕಿ ನೆಟ್ಟಗೆ ಮಾಡುವ ಬದಲು ಹೊಸದು ತರುವುದೇ ವಾಸಿ.